ಪಕ್ಕದವರ ನೀರು, ನಮ್ಮ ಜಾಗ: ನೀರು ಹರಿಯುವ ಹಕ್ಕಿನ ಜಗಳಗಳ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನೀರಿನ ಜಗಳ ಅಂದ ತಕ್ಷಣ ನದಿ, ಅಣೆಕಟ್ಟು ನೆನಪಾಗುತ್ತದೆ. ಆದರೆ ಅಕ್ಕಪಕ್ಕದವರನ್ನು ಕೋರ್ಟಿನ ಮೆಟ್ಟಿಲು ಹತ್ತಿಸುವುದು ನಾಲ್ಕಿಂಚಿನ ಪೈಪು, ಒಂದಡಿ ಚರಂಡಿ, ಯಾರೋ ಎತ್ತರಿಸಿದ ಬದು. ಇಲ್ಲಿ ಹೇಳಿರುವುದೆಲ್ಲ ಭಾರತದ ಕಾನೂನಿಗೆ ಸೇರಿದ್ದು. ಮುಖ್ಯವಾದದ್ದು 1882ರ ಈಸ್‌ಮೆಂಟ್ ಕಾಯ್ದೆ, ಅಂದರೆ ಅನುಭೋಗದ ಹಕ್ಕುಗಳ ಕಾಯ್ದೆ. ನಮ್ಮ ಜಾಗದ ಅನುಕೂಲಕ್ಕೆ ಬೇರೆಯವರ ಜಾಗವನ್ನು ಬಳಸುವ ಹಕ್ಕೇ ಅನುಭೋಗದ ಹಕ್ಕು. ಪ್ರಶ್ನೆ ಎಷ್ಟೇ ಇರಲಿ, ನ್ಯಾಯಾಧೀಶರು ಕೊನೆಗೆ ಬಂದು ನಿಲ್ಲುವುದು ಒಂದೇ ಕಡೆ: ಈ ನೀರು ತಾನಾಗಿ ಹರಿದು ಬಂತಾ, ಅಥವಾ ಯಾರಾದರೂ ತಿರುಗಿಸಿ ಬಿಟ್ಟರಾ?

ಮೇಲಿನ ಜಾಗದ ಮಳೆನೀರು ನಮ್ಮ ಜಾಗಕ್ಕೆ ಬರುತ್ತದೆ. ತಡೆಯುವ ಹಕ್ಕು ನಮಗಿಲ್ವಾ?

ಬೇಜಾರಾಗಬಹುದು, ಆದರೆ ಸಾಮಾನ್ಯವಾಗಿ ಇಲ್ಲ. ಮೇಲಿನ ಜಮೀನಿನಲ್ಲಿ ತಾನಾಗಿ ಹುಟ್ಟಿದ ಅಥವಾ ಬಿದ್ದ ನೀರು, ಕಾಲುವೆ ಅಂತ ಏನೂ ಇಲ್ಲದೆ ಸಹಜವಾಗಿ ಇಳಿದು ಬಂದರೆ, ಅದನ್ನು ಹರಿಯಲು ಬಿಡಬೇಕಾದ್ದು ಕೆಳಗಿನ ಜಮೀನಿನವರ ಹೊಣೆ. ಈಸ್‌ಮೆಂಟ್ ಕಾಯ್ದೆಯ ಸೆಕ್ಷನ್ 7ರಲ್ಲಿ ಕೊಟ್ಟಿರುವ ಉದಾಹರಣೆಗಳಲ್ಲೇ ಇದು ಇದೆ. ಇದಕ್ಕೆ ಕರಾರು ಬೇಡ, ಇಷ್ಟು ವರ್ಷ ಆಗಿರಬೇಕು ಅಂತಲೂ ಇಲ್ಲ. ಜಮೀನಿನ ಜೊತೆಗೇ ಹುಟ್ಟಿದ ಹಕ್ಕು ಅದು.

ಇದು ಬ್ರಿಟಿಷರು ಹೊಸದಾಗಿ ಕಂಡುಹಿಡಿದದ್ದೇನಲ್ಲ. ರೋಮನ್ನರ ಹನ್ನೆರಡು ಫಲಕಗಳ ಕಾನೂನಿನಲ್ಲೇ, ಅಂದರೆ ಕ್ರಿ.ಪೂ. 5ನೇ ಶತಮಾನದಲ್ಲೇ, ಮಳೆನೀರಿನ ತಕರಾರಿಗೆ ದಾವೆ ಹೂಡಲು ಅವಕಾಶ ಇತ್ತು. ಅಲ್ಲೂ ಕೇಳುತ್ತಿದ್ದದ್ದು ಇದನ್ನೇ. ನೆಲದ ಇಳಿಜಾರು ತಂದ ನೀರೋ, ಮನುಷ್ಯ ಮಾಡಿದ ಕೆಲಸದಿಂದ ಬಂದ ನೀರೋ ಅಂತ.

ಹಾಗಾದರೆ ಅವರು ಪೈಪು ಹಾಕಿ ಬಿಟ್ಟರೂ ಸುಮ್ನೆ ಇರಬೇಕಾ?

ಇಲ್ಲ. ಜನ ಎಡವುವುದು ಇಲ್ಲೇ. "ಮೇಲಿನವರ ನೀರು ಕೆಳಗೆ ಬರಲೇಬೇಕು, ಅದು ಕಾನೂನು" ಅಂತ ಅರ್ಧ ತಿಳಿದುಕೊಂಡು ವಾದ ಮಾಡುತ್ತಾರೆ. ಕಾನೂನು ಹೇಳುವುದು ಸಹಜವಾಗಿ ಬರುವ ನೀರಿನ ಬಗ್ಗೆ. ಹರಡಿಕೊಂಡು ಹೋಗುತ್ತಿದ್ದ ನೀರನ್ನು ಒಂದೆಡೆ ಕೂಡಿಸಿ, ಒಂದು ಬಾಯಿಯಿಂದ ಪಕ್ಕದವರ ಮೇಲೆ ಬಿಟ್ಟರೆ ಅದು ಸಹಜ ಹರಿವು ಅಲ್ಲ.

ಒಂದು ಲೆಕ್ಕ ನೋಡಿ. 30×40 ಅಡಿ ತಾರಸಿ ಅಂದರೆ 1,200 ಚದರ ಅಡಿ, ಸುಮಾರು 111 ಚದರ ಮೀಟರ್. ಒಂದು ಚದರ ಮೀಟರ್ ಮೇಲೆ ಒಂದು ಮಿಲಿಮೀಟರ್ ಮಳೆ ಬಿದ್ದರೆ ಒಂದು ಲೀಟರ್ ನೀರು. 50 ಮಿಲಿಮೀಟರ್ ಮಳೆ ಸುರಿದರೆ ಆ ತಾರಸಿಯಿಂದ ಇಳಿಯುವುದು ಹೆಚ್ಚುಕಡಿಮೆ 5,500 ಲೀಟರ್. ಖಾಲಿ ಸೈಟು ಇದ್ದಾಗ ಇದೇ ಮಳೆಯಲ್ಲಿ ಒಂದಷ್ಟು ಇಂಗುತ್ತಿತ್ತು, ಉಳಿದದ್ದು 40 ಅಡಿ ಉದ್ದದ ಗಡಿಯುದ್ದಕ್ಕೂ ತೆಳ್ಳಗೆ ಹರಿಯುತ್ತಿತ್ತು. ಈಗ ಅಷ್ಟೂ ನೀರು ನಾಲ್ಕಿಂಚಿನ ಒಂದು ಬಾಯಿಯಿಂದ, ಒಂದೇ ಜಾಗಕ್ಕೆ, ಹತ್ತಡಿ ಮೇಲಿಂದ ಬೀಳುತ್ತಿದೆ. ಗೋಡೆ ಬುಡದ ಮಣ್ಣು ಯಾಕೆ ಕೊರೆದು ಹೋಯಿತು ಅಂತ ಆಮೇಲೆ ಕೇಳಬೇಕಿಲ್ಲ, ಅಲ್ವಾ?

ಹೀಗೆ ನೀರು ಬಿಡುವುದು ಪಕ್ಕದವರಿಗೆ ಕೊಡುವ ಉಪದ್ರವ. ವಕೀಲರ ಬಾಯಲ್ಲಿ ಇದು ನ್ಯೂಸೆನ್ಸ್. ನಿಲ್ಲಿಸಿ ಅಂತಲೂ ಕೇಳಬಹುದು, ಆದ ನಷ್ಟವನ್ನೂ ಕೇಳಬಹುದು.

ಸೂರಿನ ನೀರು ನಮ್ಮ ಅಂಗಳಕ್ಕೆ ಬೀಳುತ್ತದೆ. ಅದಕ್ಕೂ ಹೀಗೇನಾ?

ಸೂರು ಕಟ್ಟಿದ್ದು ಮನುಷ್ಯ. ಹಾಗಾಗಿ ಅದು ಹುಟ್ಟಿನಿಂದ ಬಂದ ಹಕ್ಕಲ್ಲ, ಸಂಪಾದಿಸಿಕೊಳ್ಳಬೇಕಾದ ಹಕ್ಕು. ಹಳೇ ಮನೆಗಳಲ್ಲಿ ತಲೆಮಾರುಗಳಿಂದ ಬೀಳುತ್ತಾ ಬಂದು ಹಕ್ಕು ಆಗಿಬಿಟ್ಟಿರುತ್ತದೆ. ಹಾಗೆ ಹಕ್ಕಾದ ಮೇಲೂ ಅದಕ್ಕೆ ಮಿತಿ ಇದೆ. ಸೂರಿನ ನೀರು ಬೀಳಿಸುವ ಹಕ್ಕಿದೆ ಅಂತ ಪಕ್ಕದವರ ಮೇಲೆ ಹೊರೆ ಜಾಸ್ತಿಯಾಗುವಂತೆ ಸೂರನ್ನು ಮುಂದಕ್ಕೆ ಚಾಚುವಂತಿಲ್ಲ. ಸೆಕ್ಷನ್ 23ರ ಕೆಳಗಿನ ಉದಾಹರಣೆಯಲ್ಲಿ ಸೂರನ್ನೇ ಹೆಸರಿಸಿ ಹೇಳಿದ್ದಾರೆ. ಹಂಚು ತೆಗೆದು, ಎರಡಡಿ ಜಾಸ್ತಿ ಶೀಟು ಚಾಚಿ, "ಮೊದಲೂ ಬೀಳ್ತಿತ್ತಲ್ಲ" ಅನ್ನುವವರಿಗೆ ಇದನ್ನು ತೋರಿಸಬಹುದು.

ಬಚ್ಚಲ ನೀರು, ಪಾತ್ರೆ ತೊಳೆದ ನೀರು, ಶೌಚದ ನೀರು?

ಇದಕ್ಕೆ ಸಹಜ ಹರಿವಿನ ಮಾತೇ ಬರುವುದಿಲ್ಲ. ಇಳಿಜಾರು ಯಾವ ಕಡೆ ಇದ್ದರೂ ಕೊಳಕು ನೀರನ್ನು ಪಕ್ಕದವರ ಜಾಗಕ್ಕೆ ಬಿಡುವ ಹುಟ್ಟುಹಕ್ಕು ಯಾರಿಗೂ ಇಲ್ಲ. ಊರಿನ ಆರೋಗ್ಯದ ಪ್ರಶ್ನೆಯೂ ಆಗುವುದರಿಂದ ಪುರಸಭೆಗೋ ಪಂಚಾಯಿತಿಗೋ ದೂರು ಕೊಡಬಹುದು. ಕೋರ್ಟಿಗಿಂತ ಬೇಗ ಕೆಲಸ ಆಗುವ ಕೆಲವೇ ಸಂದರ್ಭಗಳಲ್ಲಿ ಇದೊಂದು.

20 ವರ್ಷ ಆದರೆ ಹಕ್ಕು ಬಂದುಬಿಡುತ್ತದೆ ಅಂತಾರಲ್ಲ, ನಿಜವಾ?

ನಿಜ. ಆದರೆ ಬರೀ ವರ್ಷ ಎಣಿಸಿದರೆ ಸಾಲದು. ಸೆಕ್ಷನ್ 15ರ ಪ್ರಕಾರ 20 ವರ್ಷ ಬಳಸಿರಬೇಕು. ಜಗಳವಿಲ್ಲದೆ ಬಳಸಿರಬೇಕು. ಎಲ್ಲರಿಗೂ ಕಾಣುವಂತೆ, ನಡುವೆ ತಡೆ ಇಲ್ಲದೆ ಬಳಸಿರಬೇಕು. ಎಲ್ಲಕ್ಕಿಂತ ಮುಖ್ಯವಾಗಿ, ಹಕ್ಕು ಅಂತಲೇ ಬಳಸಿರಬೇಕು. ಜಾಗ ಸರ್ಕಾರದ್ದಾದರೆ 20ರ ಬದಲು 30 ವರ್ಷ.

"ಹಕ್ಕು ಅಂತ" ಅನ್ನುವ ಎರಡು ಪದದಲ್ಲೇ ಎಷ್ಟೋ ಕೇಸು ಬಿದ್ದುಹೋಗುತ್ತವೆ. ಪಕ್ಕದವರ ಹತ್ತಿರ ಹೋಗಿ, "ಸ್ವಾಮಿ, ಚರಂಡಿ ಆಗುವ ತನಕ ನಿಮ್ಮ ಜಾಗದಲ್ಲಿ ನೀರು ಬಿಟ್ಕೋತೀವಿ" ಅಂತ ಕೇಳಿ, ಅವರು ಹೂಂ ಅಂದು ಬಿಟ್ಟುಕೊಂಡಿದ್ದರೆ ಅದು ಅನುಮತಿ. ಅನುಮತಿಯ ಮೇಲೆ 40 ವರ್ಷ ನೀರು ಹರಿದರೂ ಅದು ಸೆಕ್ಷನ್ 15ರ ಹಕ್ಕಾಗುವುದಿಲ್ಲ. ಕದ್ದುಮುಚ್ಚಿ ನೆಲದಡಿ ಪೈಪು ಹಾಕಿಕೊಂಡಿದ್ದರೂ ಆಗುವುದಿಲ್ಲ, ಯಾಕೆಂದರೆ ಅದು ಯಾರ ಕಣ್ಣಿಗೂ ಕಂಡಿಲ್ಲ.

ಇನ್ನೊಂದು ವಿಷಯ ತುಂಬಾ ಜನಕ್ಕೆ ಗೊತ್ತಿರುವುದಿಲ್ಲ. ಆ 20 ವರ್ಷ ಯಾವಾಗಲೋ ಮುಗಿದುಹೋದ 20 ವರ್ಷ ಆಗಿರಬಾರದು. ದಾವೆ ಹಾಕುವ ದಿನಕ್ಕೆ ಹಿಂದಿನ ಎರಡು ವರ್ಷದೊಳಗೆ ಆ ಅವಧಿ ಕೊನೆಯಾಗಿರಬೇಕು. ಅಜ್ಜನ ಕಾಲದಲ್ಲಿ 30 ವರ್ಷ ಹರಿದು, ಐದು ವರ್ಷದ ಹಿಂದೆ ನಿಂತುಹೋಗಿ, ಈಗ ಕೇಸು ಹಾಕಿದರೆ ಕಷ್ಟ.

ತಡೆ ಅಂದರೂ ಸುಮ್ನೆ ಬೈದು ಹೋಗುವುದಲ್ಲ. ನೀರು ನಿಜಕ್ಕೂ ನಿಲ್ಲುವಂತೆ ಅಡ್ಡ ಕಟ್ಟಿರಬೇಕು. ಅದು ಗೊತ್ತಾದ ಮೇಲೂ ಒಂದು ವರ್ಷ ನೀರು ಬಿಡುತ್ತಿದ್ದವರು ಒಪ್ಪಿಕೊಂಡು ಇದ್ದಿರಬೇಕು. ಆಗ ಮಾತ್ರ ಲೆಕ್ಕ ಕಡಿಯುತ್ತದೆ.

ನಾವೇ ಬಾಯಿಮಾತಲ್ಲಿ ಒಪ್ಪಿದ್ದೆವು. ಈಗ ಬೇಡ ಅನ್ನಬಹುದಾ?

ಬಾಯಿಮಾತಿನ ಒಪ್ಪಿಗೆ ಕಾನೂನಿನ ಕಣ್ಣಲ್ಲಿ ಲೈಸೆನ್ಸ್, ಬರೀ ಅನುಮತಿ. ಸಾಮಾನ್ಯವಾಗಿ ವಾಪಸ್ ತೆಗೆದುಕೊಳ್ಳಬಹುದು. ಆದರೆ ಸೆಕ್ಷನ್ 60 ಒಂದು ಕೊಕ್ಕೆ ಇಟ್ಟಿದೆ. ನಿಮ್ಮ ಮಾತು ನಂಬಿ ಅವರು ಖರ್ಚು ಮಾಡಿ ಶಾಶ್ವತವಾದ ಕೆಲಸ ಮಾಡಿದ್ದರೆ, ಉದಾಹರಣೆಗೆ ಕಲ್ಲು ಕಟ್ಟಿ ಸಿಮೆಂಟ್ ಮಾಡಿದ ಚರಂಡಿ, ಆಗ ಸುಲಭವಾಗಿ ಬೇಡ ಅನ್ನಲು ಬರುವುದಿಲ್ಲ. ಹಾಗಾಗಿ ಒಪ್ಪುವಾಗಲೇ ಒಂದು ಹಾಳೆ ಮೇಲೆ "ಇದು ತಾತ್ಕಾಲಿಕ, ಇಂಥ ದಿನದ ತನಕ" ಅಂತ ಬರೆದು ಇಬ್ಬರೂ ಸಹಿ ಹಾಕಿಕೊಳ್ಳಿ. ಸಂಕೋಚ ಆಗುತ್ತದೆ, ಗೊತ್ತು. ಕೋರ್ಟಿನಲ್ಲಿ ನಿಂತಾಗ ಆಗುವ ಸಂಕೋಚ ಇದಕ್ಕಿಂತ ದೊಡ್ಡದು.

ಅಣ್ಣತಮ್ಮಂದಿರು ಪಾಲು ಮಾಡಿಕೊಂಡೆವು. ನನ್ನ ಬಚ್ಚಲ ಚರಂಡಿ ತಮ್ಮನ ಭಾಗದಲ್ಲಿ ಹೋಗುತ್ತದೆ. ಅವನು ಮುಚ್ಚುತ್ತೀನಿ ಅಂತಾನೆ.

ಇದು ಬಹಳ ನೋವಿನ ಜಗಳ. ಇಲ್ಲಿ ನೀರು ನೆಪ, ಒಳಗಿನ ಕಥೆ ಬೇರೆ ಇರುತ್ತದೆ. ಕಾನೂನು ಮಾತ್ರ ನಿಮ್ಮ ಕಡೆ ಸಾಕಷ್ಟು ಗಟ್ಟಿಯಾಗಿದೆ. ಒಂದೇ ಆಸ್ತಿಯನ್ನು ಪಾಲು ಮಾಡಿದಾಗ ಅಥವಾ ಒಂದು ಭಾಗ ಮಾರಿದಾಗ, ಕಣ್ಣಿಗೆ ಕಾಣುವ, ಎಡೆಬಿಡದೆ ನಡೆದುಕೊಂಡು ಬಂದ ಸೌಲಭ್ಯ ನಿಮ್ಮ ಭಾಗವನ್ನು ಮೊದಲಿನಂತೆ ಬಳಸಲು ಬೇಕೇ ಬೇಕಾಗಿದ್ದರೆ, ಅದು ನಿಮ್ಮ ಭಾಗದ ಜೊತೆಗೇ ಬರುತ್ತದೆ. ಸೆಕ್ಷನ್ 13 ಇದನ್ನು ಹೇಳುತ್ತದೆ. ಇದಕ್ಕೆ 20 ವರ್ಷ ಕಾಯಬೇಕಿಲ್ಲ.

"ಚರಂಡಿ ನೆಲದಡಿ ಇದೆ, ಕಾಣಲ್ಲವಲ್ಲ" ಅಂತ ತಮ್ಮ ವಾದ ಮಾಡಬಹುದು. ತಿಳಿದವರು ಗಮನವಿಟ್ಟು ನೋಡಿದರೆ ಗೊತ್ತಾಗುವ ಚರಂಡಿಯೂ ಕಾಣುವ ಸೌಲಭ್ಯವೇ ಅಂತ ಕಾಯ್ದೆಯ ಸೆಕ್ಷನ್ 5ರ ಉದಾಹರಣೆಯೇ ಹೇಳುತ್ತದೆ. ಅಂಗಳದಲ್ಲಿ ಚೇಂಬರಿನ ಮುಚ್ಚಳ ಕಾಣುತ್ತಿದ್ದರೆ ಅದೇ ಒಂದು ಸಾಕ್ಷಿ.

ಆದರೆ ಪಾಲು ಪತ್ರದಲ್ಲಿ "ನೀರಿನ ದಾರಿ ಅವರವರು ಮಾಡಿಕೊಳ್ಳತಕ್ಕದ್ದು" ಅಂತ ಬರೆದು ಸಹಿ ಹಾಕಿದ್ದರೆ ಆ ಬರಹವೇ ನಿಮಗೆ ಅಡ್ಡ ಬರುತ್ತದೆ. ಪಾಲು ಪತ್ರ ಬರೆಸುವಾಗ ಎಲ್ಲರೂ ಗೋಡೆ, ಬಾಗಿಲು, ಬಾವಿ ಅಂತ ನೋಡುತ್ತಾರೆ. ಬಚ್ಚಲ ನೀರು ಎಲ್ಲಿ ಹೋಗುತ್ತದೆ ಅಂತ ಕೇಳುವವರು ಕಮ್ಮಿ.

ಸಿಟ್ಟು ಬಂದು ನಾನೇ ಅವರ ಪೈಪು ಮುಚ್ಚಿಬಿಟ್ಟರೆ?

ಬೇಡ. ನಿಮ್ಮ ಹಕ್ಕಿನ ಚರಂಡಿಗೆ ಅವರು ಅಡ್ಡ ಕಟ್ಟಿದ್ದರೂ ಅದನ್ನು ನೀವೇ ಹೋಗಿ ಒಡೆಯುವಂತಿಲ್ಲ ಅಂತ ಸೆಕ್ಷನ್ 36 ನೇರವಾಗಿ ಹೇಳುತ್ತದೆ. ಅವರ ಪೈಪಿಗೆ ಸಿಮೆಂಟ್ ಮೆತ್ತಿದರೂ ಕಥೆ ಒಳ್ಳೆಯದಲ್ಲ. ಅವರಿಗೆ ಹಕ್ಕು ಇತ್ತು ಅಂತಾದರೆ ತಪ್ಪು ನಿಮ್ಮದಾಗುತ್ತದೆ. ಇರಲಿಲ್ಲ ಅಂತಾದರೂ, ಒಳಗೆ ನೀರು ತುಂಬಿ ಅವರ ಗೋಡೆ ಹಾಳಾದರೆ ಪೊಲೀಸ್ ದೂರು ನಿಮ್ಮ ಮೇಲೆ. ಅಲ್ಲಿಯ ತನಕ ನೊಂದವರಾಗಿದ್ದ ನೀವು ಒಂದೇ ಮಧ್ಯಾಹ್ನದಲ್ಲಿ ಆರೋಪಿಯಾಗುತ್ತೀರಿ.

ನಿಮ್ಮ ಜಾಗದೊಳಗೆ, ನಿಮ್ಮ ಗೋಡೆಗೆ ರಕ್ಷಣೆ ಮಾಡಿಕೊಳ್ಳುವುದು ಬೇರೆ. ಬುಡಕ್ಕೆ ಕಲ್ಲು ಹಾಕಿ, ಪುಟ್ಟ ಕಾಲುವೆ ತೋಡಿ ನೀರನ್ನು ರಸ್ತೆ ಚರಂಡಿಗೆ ಒಯ್ದರೆ ಯಾರೂ ಕೇಳುವುದಿಲ್ಲ. ಖರ್ಚಿನ ರಸೀದಿ ಮಾತ್ರ ಇಟ್ಟುಕೊಳ್ಳಿ, ನಷ್ಟ ಕೇಳುವಾಗ ಬೇಕಾಗುತ್ತದೆ.

ಕೆಳಗಿನ ಸೈಟಿನವರು ಮಣ್ಣು ಹೊಡೆಸಿ ಎತ್ತರ ಮಾಡಿದರು. ಈಗ ನೀರು ನಮ್ಮಲ್ಲೇ ನಿಲ್ಲುತ್ತದೆ.

ಸೆಕ್ಷನ್ 7ರ ಮಾತನ್ನೇ ಇಲ್ಲಿ ತಿರುಗಿಸಿ ಹಿಡಿಯಿರಿ. ಸಹಜವಾಗಿ ಹರಿದು ಹೋಗುತ್ತಿದ್ದ ನೀರಿಗೆ ಅವರು ಅಡ್ಡ ಹಾಕಿದ್ದಾರೆ. ಕೇಳುವ ಹಕ್ಕು ನಿಮಗಿದೆ.

ಆದರೂ ಪೇಟೆಯ ಬಡಾವಣೆಯಲ್ಲಿ ಇದನ್ನೇ ನಂಬಿ ಕೂರಬೇಡಿ. ಎಲ್ಲ ಕಡೆ ರಸ್ತೆ, ಕಾಂಕ್ರೀಟು ಬಂದ ಮೇಲೆ ನೆಲದ ಮೂಲ ಇಳಿಜಾರು ಯಾವುದಿತ್ತು ಅಂತ ತೋರಿಸುವುದೇ ಕಷ್ಟ. ಮುಂದೆ ರಸ್ತೆ ಚರಂಡಿ ಇದ್ದರೆ "ನೀವು ಅಲ್ಲಿಗೆ ಯಾಕೆ ಬಿಡಲಿಲ್ಲ?" ಅನ್ನುವ ಪ್ರಶ್ನೆ ಬಂದೇ ಬರುತ್ತದೆ. ಅದಕ್ಕೆ ಉತ್ತರ ಇಟ್ಟುಕೊಂಡೇ ಹೋಗಿ. ರಸ್ತೆಯೇ ನಿಮ್ಮ ಜಾಗಕ್ಕಿಂತ ಎತ್ತರ ಆಗಿಬಿಟ್ಟಿದ್ದರೆ ಅದನ್ನು ಅಳತೆ ಮಾಡಿಸಿ ಬರೆದಿಡಿ.

ಹೊಲಗದ್ದೆಗೂ ಇದೇ ಕಾನೂನಾ?

ಇದೇ. ಈ ನಿಯಮ ಚೆನ್ನಾಗಿ ಹೊಂದುವುದೇ ಹೊಲಕ್ಕೆ. ಕೆಳಗಿನವರು ಬದು ಎತ್ತರಿಸಿ ಮೇಲಿನ ಹೊಲದಲ್ಲಿ ನೀರು ನಿಲ್ಲಿಸಿದರೆ ತಪ್ಪು. ಮೇಲಿನವರು ಮೂರು ಕಡೆಯ ನೀರನ್ನು ಒಂದು ಕಾಲುವೆಗೆ ತಿರುಗಿಸಿ ಕೆಳಗಿನ ಹೊಲದ ಒಂದೇ ಮೂಲೆಗೆ ನುಗ್ಗಿಸಿದರೂ ತಪ್ಪು. ಬೋರ್‌ವೆಲ್ ನೀರು ಜಾಸ್ತಿಯಾಗಿ ಹರಿದು ಬಂದರೆ ಅದನ್ನು ಮಳೆನೀರಿನ ಸಾಲಿಗೆ ಸೇರಿಸಲು ಆಗುವುದಿಲ್ಲ. ಅದು ತಾನಾಗಿ ಬಂದದ್ದಲ್ಲ, ಮೋಟಾರು ಎತ್ತಿದ್ದು.

ನಡುವೆ ಹಳ್ಳವೋ ಸರ್ಕಾರಿ ಕಾಲುವೆಯೋ ಇದ್ದು ಅದನ್ನೇ ಒತ್ತಿ ಉಳುಮೆ ಮಾಡಿದ್ದರೆ, ಅದು ಬರೀ ಇಬ್ಬರ ಜಗಳ ಅಲ್ಲ. ಕರ್ನಾಟಕದಲ್ಲಿ ಇಂಥ ಹಳ್ಳ, ಕಾಲುವೆ, ದಾರಿಗಳು ದಾಖಲೆಯಲ್ಲಿ ಬಿ ಖರಾಬು ಅಂತ ಇರುತ್ತವೆ. ಅದು ಸಾರ್ವಜನಿಕರ ಬಳಕೆಗೆ ಬಿಟ್ಟ ಜಾಗ. ಗ್ರಾಮ ನಕ್ಷೆ ತೆಗೆಸಿ, ಸರ್ವೆ ಮಾಡಿಸಿ, ಒತ್ತುವರಿ ತೆರವಿಗೆ ತಹಶೀಲ್ದಾರರಿಗೆ ಅರ್ಜಿ ಕೊಡಿ. ನಕ್ಷೆಯಲ್ಲಿ ಹಳ್ಳದ ಗೆರೆ ಇದ್ದರೆ ಅರ್ಧ ಕೆಲಸ ಆದ ಹಾಗೆ.

ಮೇಲಿನವರು ಇಂಗುಗುಂಡಿ ತೋಡಿ ನೀರೆಲ್ಲ ಹಿಡಿದಿಟ್ಟುಕೊಂಡರು. ನಮಗೆ ಬರುತ್ತಿದ್ದ ನೀರು ನಿಂತಿತು.

ಇದು ಉಲ್ಟಾ ಪ್ರಶ್ನೆ, ಉತ್ತರ ಸಣ್ಣದು. ಕಾಲುವೆ, ತೊರೆಯಲ್ಲಿ ಹರಿಯದೆ ನೆಲದ ಮೇಲೆ ಹರಡಿ ಬರುವ ನೀರನ್ನು ತಮ್ಮ ಎಲ್ಲೆಯೊಳಗೆ ಹಿಡಿದಿಟ್ಟುಕೊಳ್ಳುವ ಹಕ್ಕು ಜಮೀನಿನವರಿಗೆ ಇದೆ. ಅಂಥ ನೀರು ನಮಗೆ ಬರಲೇಬೇಕು ಅನ್ನುವ ಹಕ್ಕನ್ನು 20 ವರ್ಷದ ಬಳಕೆಯಿಂದಲೂ ಗಳಿಸಲು ಆಗುವುದಿಲ್ಲ. ಬೇಡದಾಗ ತಡೆಯುವಂತಿಲ್ಲ, ಬೇಕಾದಾಗ ಕೇಳುವಂತಿಲ್ಲ. ಕೆಳಗಿನ ಜಮೀನಿನ ಹಣೆಬರಹ ಅನ್ನಿಸಿದರೆ ತಪ್ಪಿಲ್ಲ.

ಅವರ ದೊಡ್ಡ ಟ್ಯಾಂಕು ಒಡೆದು ನೀರು ನುಗ್ಗಿತು. "ಬೇಕಂತ ಮಾಡಿಲ್ಲ" ಅಂತಾರೆ.

ಬೇಕಂತ ಮಾಡದಿದ್ದರೂ ಹೊಣೆ ಬರಬಹುದು. ಇಂಗ್ಲೆಂಡಿನಲ್ಲಿ ಒಬ್ಬ ಗಿರಣಿ ಮಾಲೀಕರು ಕಟ್ಟಿಸಿದ ನೀರಿನ ಸಂಗ್ರಹದಿಂದ ಪಕ್ಕದವರ ಕಲ್ಲಿದ್ದಲ ಗಣಿಗೆ ನೀರು ನುಗ್ಗಿತ್ತು. ರೈಲ್ಯಾಂಡ್ಸ್ ವಿರುದ್ಧ ಫ್ಲೆಚರ್ ಅನ್ನುವ ಆ ಕೇಸಿನಲ್ಲಿ 1868ರಲ್ಲಿ ತೀರ್ಪು ಬಂತು. ಅಪಾಯದ ವಸ್ತುವನ್ನು ಕೂಡಿಟ್ಟುಕೊಂಡವರು ಅದು ತಪ್ಪಿಸಿಕೊಂಡು ಹೋದರೆ ಆಗುವ ನಷ್ಟಕ್ಕೆ ಹೊಣೆ ಅಂತ.

ಆರು ವರ್ಷದ ನಂತರ, 1874ರಲ್ಲಿ, ನಮ್ಮ ಕಡೆಯ ಕೇಸೊಂದು ಲಂಡನ್ನಿನ ಪ್ರಿವಿ ಕೌನ್ಸಿಲ್ ಮುಂದೆ ಹೋಯಿತು. ಆಗ ನಮ್ಮ ಕೇಸುಗಳ ಕೊನೆಯ ಅಪೀಲು ನಡೆಯುತ್ತಿದ್ದದ್ದು ಅಲ್ಲೇ. ಈಗಿನ ಆಂಧ್ರಪ್ರದೇಶದಲ್ಲಿರುವ ಕಾರ್ವೇಟಿನಗರದ ಜಮೀನ್ದಾರರ ಕೆರೆಗಳು ಜೋರು ಮಳೆಗೆ ಒಡೆದು ಮದ್ರಾಸ್ ರೈಲ್ವೆಯ ಸೇತುವೆಗಳು ಕೊಚ್ಚಿಹೋಗಿದ್ದವು. ರೈಲ್ವೆಯವರು ಇಂಗ್ಲೆಂಡಿನ ಅದೇ ನಿಯಮ ಹಿಡಿದು ಬಂದರು. ಪ್ರಿವಿ ಕೌನ್ಸಿಲ್ ಒಪ್ಪಲಿಲ್ಲ. ಈ ನಾಡಿನಲ್ಲಿ ಕೆರೆ ಅನ್ನುವುದು ಒಬ್ಬರ ಸ್ವಂತ ಲಾಭಕ್ಕೆ ಕಟ್ಟಿದ್ದಲ್ಲ, ಸಾವಿರಾರು ಜನರ ಬದುಕು ಅದರ ಮೇಲಿದೆ, ಅದನ್ನು ಉಳಿಸಿಕೊಂಡು ಹೋಗುವುದು ಜಮೀನ್ದಾರರ ಕರ್ತವ್ಯ, ಹಾಗಾಗಿ ಅವರು ನಿರ್ಲಕ್ಷ್ಯ ಮಾಡಿದರು ಅಂತ ಸಾಬೀತು ಮಾಡದೆ ಹೊಣೆ ಹೊರಿಸಲಾಗದು ಅಂದಿತು. ನನಗೆ ತುಂಬಾ ಇಷ್ಟವಾದ ತೀರ್ಪು ಇದು. ದೂರದಲ್ಲಿ ಕೂತ ಜಡ್ಜುಗಳಿಗೂ ಕೆರೆಗೂ ಗಿರಣಿಯ ತೊಟ್ಟಿಗೂ ಇರುವ ವ್ಯತ್ಯಾಸ ಗೊತ್ತಾಗಿತ್ತು.

ನಿಮ್ಮ ಪಕ್ಕದವರ ಸಿಂಟೆಕ್ಸ್ ಟ್ಯಾಂಕು ಕೆರೆಯಲ್ಲ. ಬಿರುಕು ಬಿಟ್ಟದ್ದು ಗೊತ್ತಿದ್ದೂ ಬಿಟ್ಟಿದ್ದರು ಅಂತ ತೋರಿಸಲು ಆದರೆ ನಿಮ್ಮ ಕೇಸು ಇನ್ನೂ ಗಟ್ಟಿ.

ಯಾವ ಸಾಕ್ಷಿ ಬೇಕು?

ನನ್ನದೇ ಮನೆಯ ಹಿಂದಿನ ಗೋಡೆಯ ತಕರಾರಿಗೆ ನಾನು ಮೊದಲ ಸಲ ಫೋಟೋ ತೆಗೆದದ್ದು ಒಳ್ಳೆ ಬಿಸಿಲಿನಲ್ಲಿ. ಬೆಳಕು ಚೆನ್ನಾಗಿತ್ತಲ್ಲ. ವಕೀಲರು ನೋಡಿ "ಗೋಡೆ ಚೆನ್ನಾಗಿದೆ, ನೀರೆಲ್ಲಿ?" ಅಂದರು. ಆಮೇಲೆ ಕೊಡೆ ಹಿಡಿದುಕೊಂಡು, ಮಳೆ ಸುರಿಯುವಾಗಲೇ ನಿಂತು ವಿಡಿಯೋ ಮಾಡಬೇಕಾಯಿತು.

ವಿಡಿಯೋ ಮಾಡುವಾಗ ಕತ್ತರಿಸಬೇಡಿ. ಪೈಪಿನ ಬಾಯಿಂದ ಶುರುಮಾಡಿ, ನೀರು ಬೀಳುವ ಜಾಗ, ಅಲ್ಲಿಂದ ಹರಿದು ಗೋಡೆ ಬುಡ ಸೇರುವ ತನಕ ಒಂದೇ ಓಟದಲ್ಲಿ ತೋರಿಸಿ. ಎರಡು ಮನೆಯೂ ಒಂದೇ ಚೌಕಟ್ಟಿನಲ್ಲಿ ಒಂದು ಸಲ ಬರಲಿ. ಇಲ್ಲದಿದ್ದರೆ ಅದು ಯಾರ ಮನೆ ಪೈಪು ಅಂತಲೇ ತಕರಾರು ತೆಗೆಯುತ್ತಾರೆ. ಮಳೆ ನಿಂತ ಒಂದು ಗಂಟೆ ಬಿಟ್ಟು ಮತ್ತೊಂದು ತೆಗೆಯಿರಿ, ಎಷ್ಟು ಹೊತ್ತು ನೀರು ನಿಂತಿತ್ತು ಅಂತ ಗೊತ್ತಾಗಲು. ಗೋಡೆ ಪಕ್ಕ ಒಂದು ಅಳತೆ ಟೇಪು ನಿಲ್ಲಿಸಿಟ್ಟರೆ "ಮೊಣಕಾಲುದ್ದ ನೀರು" ಅನ್ನುವ ಮಾತಿಗಿಂತ ಅದಕ್ಕೆ ಬೆಲೆ ಜಾಸ್ತಿ.

ಮೂಲ ಫೈಲು ಫೋನಿನಲ್ಲೇ ಇರಲಿ. ವಾಟ್ಸಾಪ್‌ನಲ್ಲಿ ಕಳಿಸಿ ಅಲ್ಲಿಂದ ಇಳಿಸಿಕೊಂಡ ಪ್ರತಿ ಮೂಲ ಅಲ್ಲ. ಫೋನಿನ ವಿಡಿಯೋವನ್ನು ಕೋರ್ಟಿಗೆ ಕೊಡುವಾಗ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ ಸೆಕ್ಷನ್ 63ರ ಪ್ರಕಾರ ಪ್ರಮಾಣಪತ್ರ ಬೇಕು. ವಕೀಲರು ಮಾಡಿಸುತ್ತಾರೆ, ನೀವು ಫೋನು ಮಾತ್ರ ಕಳೆದುಕೊಳ್ಳಬೇಡಿ.

ಇನ್ನು ಹಳೇ ಕಾಗದ. ಕ್ರಯಪತ್ರದ ಚಕ್ಕುಬಂದಿ ಓದಿ ನೋಡಿ. "ಉತ್ತರಕ್ಕೆ ಬಚ್ಚಲ ಮೋರಿ" ಅಂತ ಒಂದು ಸಾಲು ಇದ್ದರೆ ಅದು ಹತ್ತು ಸಾಕ್ಷಿಗೆ ಸಮ. ಮನೆ ಕಟ್ಟುವಾಗ ಮಂಜೂರಾದ ನಕ್ಷೆ, ಬಡಾವಣೆಯ ನಕ್ಷೆ, ಹಳೇ ಫೋಟೋ ಎಲ್ಲ ಹುಡುಕಿ. ಮದುವೆ ಆಲ್ಬಮ್ಮಿನಲ್ಲಿ ನೆಂಟರ ಹಿಂದೆ ಚರಂಡಿ ಕಂಡರೆ ನಗಬೇಡಿ, ಅದು ತಾರೀಖು ಗೊತ್ತಿರುವ ಸಾಕ್ಷಿ.

ಕೋರ್ಟು ಕಮಿಷನರನ್ನು ಕಳಿಸುತ್ತದಾ?

ಸ್ಥಳ ನೋಡದೆ ವಿಷಯ ತಿಳಿಯದು ಅಂತ ಅನಿಸಿದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26, ನಿಯಮ 9ರ ಪ್ರಕಾರ ಕಳಿಸಬಹುದು. ಒಬ್ಬ ವಕೀಲರೋ ಸರ್ವೆಯರೋ ಬಂದು ಅಳತೆ ಮಾಡಿ ವರದಿ ಕೊಡುತ್ತಾರೆ. ಅವರು ಬಂದಾಗ ಎರಡೂ ಕಡೆಯವರು ಒಟ್ಟಿಗೆ ಮಾತಾಡಿ ಗದ್ದಲ ಎಬ್ಬಿಸುವುದು ಮಾಮೂಲಿ. ನೀವು ಬಾಯಿಗಿಂತ ಬಕೆಟ್ ನಂಬಿ. ನಿಮ್ಮ ಕಡೆಯ ಚರಂಡಿಗೆ ನಾಲ್ಕು ಬಕೆಟ್ ನೀರು ಹೊಯ್ದು ತೋರಿಸಲು ಅವಕಾಶ ಕೇಳಿ. ನೀರು ಎಲ್ಲಿ ಹೋಗುತ್ತದೆ ಅಂತ ಅದೇ ಹೇಳುತ್ತದೆ. ವರದಿಯಲ್ಲಿ ತಪ್ಪು ಕಂಡರೆ ಲಿಖಿತವಾಗಿ ಆಕ್ಷೇಪಣೆ ಹಾಕಬಹುದು.

ಪೊಲೀಸರ ಹತ್ತಿರ ಹೋದರೆ ಆಗಲ್ವಾ?

ಹೊಡೆದಾಟ, ಬೆದರಿಕೆ ಇದ್ದರೆ ಹೋಗಿ. ಬರೀ ನೀರಿನ ಹಕ್ಕಿನ ವಿಷಯಕ್ಕೆ "ಇದು ಸಿವಿಲ್" ಅಂತ ಕಳಿಸುತ್ತಾರೆ, ಅದು ಸರಿಯೂ ಹೌದು. ಇಡೀ ಬೀದಿಗೆ ತೊಂದರೆ ಆಗುವಂತೆ ಚರಂಡಿ ಕಟ್ಟಿದ್ದರೆ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಸೆಕ್ಷನ್ 152ರ ಪ್ರಕಾರ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರ ಮುಂದೆ ಅರ್ಜಿ ಕೊಡಬಹುದು. ಹಳೇ ಕಾನೂನಿನಲ್ಲಿ ಇದು ಸೆಕ್ಷನ್ 133 ಆಗಿತ್ತು. ಇದು ಸಾರ್ವಜನಿಕ ಉಪದ್ರವಕ್ಕೆ ಮಾತ್ರ. ನಿಮ್ಮಿಬ್ಬರ ಗೋಡೆ ಜಗಳಕ್ಕೆ ನಡೆಯುವುದಿಲ್ಲ.

ಸಿವಿಲ್ ಕೋರ್ಟಿನಲ್ಲಿ ಏನೇನು ಕೇಳಬಹುದು?

ಈ ಹಕ್ಕು ನನಗಿದೆ ಅಂತ ಘೋಷಣೆ. ಇನ್ನು ಮುಂದೆ ನೀರು ಬಿಡಬಾರದು ಅಥವಾ ತಡೆಯಬಾರದು ಅಂತ ಶಾಶ್ವತ ತಡೆಯಾಜ್ಞೆ. ಹಾಕಿದ ಪೈಪು ತೆಗೆಯಿರಿ, ಕಟ್ಟಿದ ಅಡ್ಡಗೋಡೆ ಒಡೆಯಿರಿ ಅಂತ ಕಡ್ಡಾಯ ಆಜ್ಞೆ. ಇದರ ಜೊತೆಗೆ ನಷ್ಟ ಪರಿಹಾರ. ಕೇಸು ಮುಗಿಯುವ ತನಕ ಕಾಯಲು ಆಗದಿದ್ದರೆ ತಾತ್ಕಾಲಿಕ ತಡೆಯಾಜ್ಞೆ, ಜನ ಸ್ಟೇ ಅನ್ನುತ್ತಾರಲ್ಲ ಅದು. ಸ್ಟೇ ಕೊಡುವಾಗ ಕೋರ್ಟು ಮೂರು ವಿಷಯ ನೋಡುತ್ತದೆ. ಮೇಲ್ನೋಟಕ್ಕೆ ನಿಮ್ಮ ಕೇಸಿನಲ್ಲಿ ಹುರುಳಿದೆಯಾ? ಸ್ಟೇ ಕೊಟ್ಟರೆ ಅಥವಾ ಕೊಡದಿದ್ದರೆ ಯಾರಿಗೆ ಜಾಸ್ತಿ ತೊಂದರೆ? ಆಗುವ ನಷ್ಟ ಆಮೇಲೆ ದುಡ್ಡಿನಿಂದ ತುಂಬಿಕೊಡುವಂಥದ್ದಾ? ಸ್ಟೇ ಮುರಿದವರ ಆಸ್ತಿ ಜಪ್ತಿ ಮಾಡಲು, ಮೂರು ತಿಂಗಳ ತನಕ ಸಿವಿಲ್ ಜೈಲಿಗೆ ಕಳಿಸಲು ಅವಕಾಶ ಇದೆ.

ಒಂದು ತಪ್ಪು ಮಾತ್ರ ಮಾಡಬೇಡಿ. "ಚರಂಡಿ ಹೋಗುವ ಜಾಗ ನನ್ನದೇ, ಅಲ್ಲದಿದ್ದರೂ ಅದರ ಮೇಲೆ ನನಗೆ ಅನುಭೋಗದ ಹಕ್ಕಿದೆ" ಅಂತ ಒಂದೇ ಉಸಿರಿನಲ್ಲಿ ಬರೆಸಬೇಡಿ. ಅನುಭೋಗದ ಹಕ್ಕು ಇರುವುದು ಬೇರೆಯವರ ಜಾಗದ ಮೇಲೆ. ಎರಡನ್ನೂ ಹಿಡಿದು ಎರಡನ್ನೂ ಕಳೆದುಕೊಳ್ಳುವ ಅಪಾಯ ಇದೆ. ನಿಮ್ಮ ಕಥೆ ಯಾವುದು ಅಂತ ವಕೀಲರ ಜೊತೆ ಕೂತು ಮೊದಲೇ ತೀರ್ಮಾನಿಸಿ.

ನಮ್ಮ ಮೇಲೆ ಅವರೇ ಸ್ಟೇ ತರುತ್ತಾರೆ ಅಂತ ಅನುಮಾನ. ಏನು ಮಾಡುವುದು?

ಕೇವಿಯಟ್ ಹಾಕಿ. ನಿಮ್ಮ ಮಾತು ಕೇಳದೆ ಆದೇಶ ಮಾಡಬೇಡಿ ಅಂತ ಮೊದಲೇ ಕೋರ್ಟಿಗೆ ತಿಳಿಸಿಡುವ ಅರ್ಜಿ ಅದು. 90 ದಿನ ನಡೆಯುತ್ತದೆ. ಆಮೇಲೂ ಅನುಮಾನ ಇದ್ದರೆ ಮತ್ತೆ ಹಾಕಬೇಕು.

ಎಷ್ಟು ದಿನದೊಳಗೆ ಕೇಸು ಹಾಕಬೇಕು?

ಪ್ರತಿ ಮಳೆಗೂ ತೊಂದರೆ ಮುಂದುವರಿಯುತ್ತಿದ್ದರೆ ಪ್ರತಿ ಸಲವೂ ಹೊಸ ಕಾರಣ ಹುಟ್ಟುತ್ತದೆ. 1963ರ ಕಾಲಮಿತಿ ಕಾಯ್ದೆಯ ಸೆಕ್ಷನ್ 22 ಹಾಗೆ ಹೇಳುತ್ತದೆ. ಅಂತ ಆರಾಮಾಗಿ ಕೂರಬೇಡಿ. ಅವರು ಗೋಡೆ ಕಟ್ಟುವಾಗ ನೋಡಿಕೊಂಡು ಸುಮ್ಮನಿದ್ದು, ಮನೆ ಮುಗಿದು ಬಣ್ಣ ಬಳಿದ ಮೇಲೆ ಒಡೆಸಿ ಅಂದರೆ, "ಅವತ್ತು ಒಪ್ಪಿಕೊಂಡಿದ್ರಲ್ಲ" ಅಂತ ಕೋರ್ಟು ತಡೆಯಾಜ್ಞೆ ಕೊಡದೆ ಇರಬಹುದು. ಪಾಯ ತೋಡುವಾಗಲೇ ಒಂದು ನೋಟಿಸ್ ಕಳಿಸಿ. ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ರಸೀದಿ ಇಟ್ಟುಕೊಳ್ಳಿ.

ಚರಂಡಿ ಕ್ಲೀನ್ ಮಾಡಿಸುವ ಖರ್ಚು ಯಾರದು?

ನೀರು ಬಿಡುವ ಹಕ್ಕು ಯಾರದೋ ಅವರದು. ಜಾಗದವರು ಏನೂ ಮಾಡಿಕೊಡಬೇಕಿಲ್ಲ, ಅಡ್ಡಿ ಮಾಡದಿದ್ದರೆ ಸಾಕು. ಹಕ್ಕಿನವರು ಒಳಗೆ ಬಂದು ರಿಪೇರಿ ಮಾಡಬಹುದು, ಆದರೆ ಆದಷ್ಟು ಕಮ್ಮಿ ತೊಂದರೆ ಕೊಟ್ಟು, ಹಾಳಾದದ್ದನ್ನು ಸರಿಮಾಡಿ ಹೋಗಬೇಕು. ಚರಂಡಿ ಒಡೆದು ಬಿಟ್ಟುಬಿಟ್ಟು ಜಾಗದವರಿಗೆ ನಷ್ಟವಾದರೆ ಅದನ್ನೂ ಇವರೇ ಕೊಡಬೇಕು.

ಅಪಾರ್ಟ್‌ಮೆಂಟಿನಲ್ಲಿ ಮೇಲಿನ ಫ್ಲಾಟಿನಿಂದ ಸೋರುತ್ತದೆ.

ಮೊದಲು ಸೋರುವುದು ಅವರ ಸ್ವಂತ ಪೈಪಾ, ಎಲ್ಲರಿಗೂ ಸೇರಿದ ಪೈಪಾ ಅಂತ ಪ್ಲಂಬರನ್ನು ಕರೆದು ನೋಡಿಸಿ. ಎಲ್ಲರಿಗೂ ಸೇರಿದ್ದಾದರೆ ಸಂಘಕ್ಕೆ ಬರೆಯಿರಿ. ಅವರದೇ ಆದರೆ ನೋಟಿಸ್, ಆಮೇಲೆ ನ್ಯೂಸೆನ್ಸ್ ದಾವೆ. 20 ವರ್ಷದ ಲೆಕ್ಕವೆಲ್ಲ ಇಲ್ಲಿ ಬೇಡ.

ರಾಜಿ ಮಾಡಿಕೊಂಡರೆ ಅದಕ್ಕೆ ಬೆಲೆ ಇದೆಯಾ?

ಎಲ್ಲಿ, ಹೇಗೆ ಮಾಡಿಕೊಂಡಿರಿ ಅನ್ನುವುದರ ಮೇಲೆ. ಜಗಲಿ ಮೇಲೆ ಕೂತು ಬಾಂಡ್ ಪೇಪರಿನಲ್ಲಿ "ಶಾಶ್ವತ ಚರಂಡಿ ಹಕ್ಕು ಕೊಟ್ಟಿದ್ದೇವೆ" ಅಂತ ಬರೆದುಕೊಂಡರೆ ಸಾಲದು. ಸ್ಥಿರಾಸ್ತಿಯ ಮೇಲೆ 100 ರೂಪಾಯಿ ಅಥವಾ ಅದಕ್ಕಿಂತ ಜಾಸ್ತಿ ಬೆಲೆಯ ಹಕ್ಕನ್ನು ಬರಹದಲ್ಲಿ ಕೊಟ್ಟರೆ ಅದು ನೋಂದಣಿ ಆಗಬೇಕು. ಲೋಕ ಅದಾಲತ್ತಿನಲ್ಲಿ ಆದ ರಾಜಿಗೆ ಕೋರ್ಟಿನ ಡಿಕ್ರಿಯಷ್ಟೇ ಬಲ, ಅದರ ಮೇಲೆ ಅಪೀಲೂ ಇಲ್ಲ. ನಡೆಯುತ್ತಿದ್ದ ಕೇಸು ಅಲ್ಲಿ ಮುಗಿದರೆ ಕಟ್ಟಿದ ಕೋರ್ಟ್ ಶುಲ್ಕ ವಾಪಸ್ ಬರುತ್ತದೆ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಕಾನೂನು ಹೇಳಿದ ಮಿತಿಗಿಂತ ಕಮ್ಮಿ ಆದಾಯದವರು ಮುಂತಾದವರಿಗೆ ಕಾನೂನು ಸೇವಾ ಪ್ರಾಧಿಕಾರದಿಂದ ಪುಕ್ಕಟೆ ವಕೀಲರು ಸಿಗುತ್ತಾರೆ. ಸಹಾಯವಾಣಿ 15100.

ನನ್ನನ್ನು ಕೇಳಿದರೆ ರಾಜಿ ಪತ್ರದ ಜೊತೆ ಒಂದು ನಕ್ಷೆ ಇರಲೇಬೇಕು. ಪೈಪಿನ ಅಳತೆ, ಎಷ್ಟು ಆಳ, ಯಾವ ಗೋಡೆಯಿಂದ ಎಷ್ಟು ಅಡಿ, ಎಲ್ಲಿ ಹೋಗಿ ಸೇರುತ್ತದೆ, ವರ್ಷಕ್ಕೊಮ್ಮೆ ಯಾರು ಕ್ಲೀನ್ ಮಾಡಿಸಬೇಕು ಎಲ್ಲ ಅದರಲ್ಲಿ ಬರಲಿ. "ನೀರು ಸರಾಗವಾಗಿ ಹೋಗಲು ಬಿಡತಕ್ಕದ್ದು" ಅನ್ನುವ ಸಾಲೊಂದನ್ನೇ ಬರೆದರೆ ಸರಾಗ ಅಂದರೇನು ಅಂತ ಇನ್ನೊಂದು ಕೇಸು ಶುರುವಾಗುತ್ತದೆ.

ಮನೆ ಕೊಳ್ಳುತ್ತಿದ್ದೇವೆ. ಈ ಬಗ್ಗೆ ಏನು ನೋಡಬೇಕು?

ಅನುಭೋಗದ ಹಕ್ಕು ಜಮೀನಿನ ಜೊತೆಗೇ ಹೋಗುತ್ತದೆ. ನೀವು ಕೊಂಡ ಜಾಗದ ಮೂಲಕ ಪಕ್ಕದವರ ಚರಂಡಿ ಹಕ್ಕಾಗಿ ಹೋಗುತ್ತಿದ್ದರೆ ಮಾಲೀಕರು ಬದಲಾದರೂ ಅದು ನಿಲ್ಲುವುದಿಲ್ಲ. ಹಾಗೆಯೇ ನಿಮ್ಮ ಮನೆಗೆ ಅಂಥ ಹಕ್ಕಿದ್ದರೆ ಅದೂ ನಿಮಗೆ ಬರುತ್ತದೆ. ಹಾಗಾಗಿ ಮನೆ ನೋಡಲು ಎರಡು ಸಲ ಹೋಗಿ, ಒಂದು ಸಲ ಮಳೆಯಲ್ಲಿ. ಗೋಡೆ ಬುಡದಲ್ಲಿ ಬಿಳಿ ಉಪ್ಪಿನ ಗೆರೆ ಎಷ್ಟು ಎತ್ತರಕ್ಕಿದೆ ನೋಡಿ. ಮೋರಿಗೆ ಒಂದು ಬಕೆಟ್ ನೀರು ಹೊಯ್ದು ಅದು ರಸ್ತೆಯಲ್ಲಿ ಬರುತ್ತದಾ, ಪಕ್ಕದವರ ಅಂಗಳದಲ್ಲಿ ಬರುತ್ತದಾ ಅಂತ ನೋಡಿಕೊಂಡು ಬನ್ನಿ. ಪಕ್ಕದವರ ಅಂಗಳದಲ್ಲಿ ಬಂದರೆ ಅಡ್ವಾನ್ಸ್ ಕೊಡುವ ಮೊದಲು ಅವರ ಮನೆಯ ಕರೆಗಂಟೆ ಒತ್ತಿ.